ಆರೋಪಿಯ ಮಾತನ್ನೂ ಕೇಳಿರಿ

'ಕೆಲಸ ಹೋಯಿತು' ಎಂಬ ಎರಡೇ ಪದಗಳಲ್ಲಿ ಒಂದು ಕುಟುಂಬದ ಅನ್ನ, ಮಕ್ಕಳ ಓದು, ಮನೆಯ ಬಾಡಿಗೆ, ಬೀದಿಯಲ್ಲಿ ತಲೆಯೆತ್ತಿ ನಡೆಯುವ ಮಾನ ಎಲ್ಲವೂ ಅಡಗಿವೆ. ಸೋಲದೇವನಹಳ್ಳಿ, ಚಿಕ್ಕಬಾಣಾವರ, ಯಲಹಂಕದಂತಹ ಕಡೆಗಳಲ್ಲಿ ಸರಕಾರಿ ಶಾಲೆ, ಸಾರಿಗೆ ಸಂಸ್ಥೆ, ಪಾಲಿಕೆ, ಕಂದಾಯ ಕಚೇರಿಗಳ ಸಂಬಳವನ್ನೇ ನಂಬಿದ ಮನೆಗಳು ಎಷ್ಟೋ ಇವೆ. ಅಂತಹ ಮನೆಯ ಯಜಮಾನನ ಮೇಲೆ ಒಂದು ದೂರು ಬಂದಾಗ ಅಧಿಕಾರದಲ್ಲಿರುವವರು ಏನು ಮಾಡಬೇಕು? ದೂರಿಗೆ ಗುರಿಯಾದವನ ಹೊಣೆಯೇನು? ನೆರೆಹೊರೆಯವರಾದ ನಮ್ಮ ಕರ್ತವ್ಯವೇನು?

ಪ್ರವಾದಿವರ್ಯರ(ಸ) ಮಾದರಿ

ದುಷ್ಕರ್ಮಿಯೊಬ್ಬನು ಸುದ್ದಿ ತಂದರೆ ಅದನ್ನು ಪರಿಶೀಲಿಸಿರಿ, ಅರಿಯದೆ ಯಾರಿಗಾದರೂ ಹಾನಿ ಮಾಡಿ ಪಶ್ಚಾತ್ತಾಪ ಪಡುವಂತಾಗಬಾರದು ಎಂದು ಕುರ್‌ಆನಿನ ಅಲ್‌ಹುಜುರಾತ್ ಅಧ್ಯಾಯದ 6ನೇ ಸೂಕ್ತವು ಬೋಧಿಸುತ್ತದೆ. ಹ. ಅಲೀಯವರನ್ನು(ರ) ಯಮನ್‌ಗೆ ನ್ಯಾಯಾಧೀಶರಾಗಿ ಕಳುಹಿಸುವಾಗ ಪ್ರವಾದಿವರ್ಯರು(ಸ), ಒಂದು ಪಕ್ಷದ ಮಾತು ಕೇಳಿದಂತೆಯೇ ಇನ್ನೊಂದು ಪಕ್ಷದ ಮಾತನ್ನೂ ಕೇಳದೆ ತೀರ್ಪು ಕೊಡಬಾರದೆಂದು ಕಲಿಸಿದರು.

ಮಕ್ಕಾ ವಿಜಯಕ್ಕೆ ಮುಂಚೆ ಹ. ಹಾತಿಬ್(ರ) ಅವರು ಕುರೈಶರಿಗೆ ಗುಟ್ಟಾಗಿ ಬರೆದ ಪತ್ರ ಸಿಕ್ಕಿಬಿದ್ದಿತು. ಸಾಕ್ಷ್ಯ ಕೈಯಲ್ಲೇ ಇತ್ತು, ಆರೋಪವೂ ಅತಿ ಗಂಭೀರವಾಗಿತ್ತು. ಹ. ಉಮರ್(ರ) ಕಠಿಣ ಶಿಕ್ಷೆಗೆ ಅನುಮತಿ ಕೇಳಿದರು. ಆದರೂ ಪ್ರವಾದಿವರ್ಯರು(ಸ) ಹಾತಿಬ್‌ರನ್ನು ಕರೆಸಿ, ಇದೇನೆಂದು ಕೇಳಿದರು; ಅವರ ವಿವರಣೆಯನ್ನು ಪೂರ್ತಿಯಾಗಿ ಆಲಿಸಿದರು. ಪುರಾವೆ ಎಷ್ಟೇ ಬಲವಾಗಿದ್ದರೂ ಆರೋಪಿಗೆ ಹೇಳಿಕೊಳ್ಳಲು ಏನೋ ಇರಬಹುದು ಎಂಬುದೇ ಇಲ್ಲಿನ ಪಾಠ.

ಅಧಿಕಾರಿಯೊಬ್ಬರ ವಜಾ

ಕೂಫಾದ ಜನರು ತಮ್ಮ ರಾಜ್ಯಪಾಲ ಹ. ಸಅದ್ ಬಿನ್ ಅಬೀ ವಕ್ಕಾಸ್‌ರ(ರ) ವಿರುದ್ಧ ಖಲೀಫ ಹ. ಉಮರ್‌ರಿಗೆ(ರ) ದೂರಿತ್ತರು. ಸರಿಯಾಗಿ ನಮಾಝ್ ಮಾಡಿಸುವುದಿಲ್ಲ ಎಂಬುದೂ ಆ ದೂರುಗಳಲ್ಲಿ ಒಂದು. ಉಮರ್(ರ) ಅವರನ್ನು ಹುದ್ದೆಯಿಂದ ಇಳಿಸಿ ಹ. ಅಮ್ಮಾರ್‌ರನ್ನು(ರ) ನೇಮಿಸಿದರು. ಆದರೆ ವಿಷಯವನ್ನು ಅಲ್ಲಿಗೇ ಬಿಡಲಿಲ್ಲ. ಸಅದ್‌ರನ್ನು ಕರೆಸಿ ಆರೋಪವೇನೆಂದು ನೇರವಾಗಿ ತಿಳಿಸಿ ಉತ್ತರ ಕೇಳಿದರು. ಬಳಿಕ ಕೂಫಾಕ್ಕೆ ಜನರನ್ನು ಕಳುಹಿಸಿ, ಮಸೀದಿ ಮಸೀದಿಗಳಲ್ಲಿ ವಿಚಾರಿಸಿದರು. ತಮ್ಮ ಮರಣಶಯ್ಯೆಯಲ್ಲಿ ಉಮರ್(ರ), ತಾನು ಸಅದ್‌ರನ್ನು ಇಳಿಸಿದ್ದು ಅಸಾಮರ್ಥ್ಯಕ್ಕಾಗಿಯೂ ಅಲ್ಲ, ವಂಚನೆಗಾಗಿಯೂ ಅಲ್ಲ ಎಂದು ಸ್ಪಷ್ಟಪಡಿಸಿದರು. ಆಡಳಿತದ ಅಗತ್ಯಕ್ಕಾಗಿ ಒಬ್ಬನನ್ನು ಬದಲಿಸುವುದು ಬೇರೆ. ಅವನ ಹಣೆಗೆ ಕಳಂಕ ಹಚ್ಚಿ ಕಳುಹಿಸುವುದು ಬೇರೆ. ಎರಡನೆಯದಕ್ಕೆ ಪುರಾವೆ ಬೇಕು.

ನಮ್ಮ ದೇಶದ ಕಾನೂನು

ಈ ವಿಷಯದಲ್ಲಿ ನಮ್ಮ ಸಂವಿಧಾನವೂ ಇದೇ ದಾರಿಯಲ್ಲಿದೆ. 311ನೇ ವಿಧಿಯ ಪ್ರಕಾರ ಸರಕಾರಿ ನೌಕರನನ್ನು ನೇಮಿಸಿದ ಪ್ರಾಧಿಕಾರಕ್ಕಿಂತ ಕೆಳಗಿನವರು ವಜಾ ಮಾಡುವಂತಿಲ್ಲ. ಆರೋಪಗಳನ್ನು ತಿಳಿಸಿ, ಉತ್ತರಿಸಲು ನ್ಯಾಯೋಚಿತ ಅವಕಾಶ ಕೊಟ್ಟು, ವಿಚಾರಣೆ ನಡೆಸಿದ ಬಳಿಕವೇ ವಜಾ ಮಾಡಬೇಕು. ಕ್ರಿಮಿನಲ್ ಶಿಕ್ಷೆಯಾದಾಗ, ವಿಚಾರಣೆ ನಡೆಸುವುದು ಕಾರ್ಯಸಾಧ್ಯವಲ್ಲವೆಂದು ಕಾರಣ ಬರೆದಿಟ್ಟಾಗ, ದೇಶದ ಭದ್ರತೆಯ ಪ್ರಶ್ನೆ ಬಂದಾಗ ಮಾತ್ರ ವಿನಾಯಿತಿ ಇದೆ. ಕರ್ನಾಟಕದಲ್ಲಿ ಇದರ ಕ್ರಮವನ್ನು 1957ರ ನಾಗರಿಕ ಸೇವಾ (ವರ್ಗೀಕರಣ, ನಿಯಂತ್ರಣ ಮತ್ತು ಮೇಲ್ಮನವಿ) ನಿಯಮಗಳು ಹೇಳುತ್ತವೆ. ವಿಚಾರಣಾ ವರದಿಯ ಪ್ರತಿಯನ್ನು ನೌಕರನಿಗೆ ಕೊಟ್ಟು, ಅವನ ಹೇಳಿಕೆ ಪಡೆದೇ ಶಿಸ್ತು ಪ್ರಾಧಿಕಾರವು ತೀರ್ಮಾನಿಸಬೇಕೆಂದು ಸುಪ್ರೀಂ ಕೋರ್ಟು 1993ರಲ್ಲಿ ಕರುಣಾಕರ್ ಪ್ರಕರಣದಲ್ಲಿ ಸ್ಪಷ್ಟಪಡಿಸಿತು.

ಚಿನ್ನದ ಗಣಿಯ ಪ್ರಕರಣ

ಕೋಲಾರದ ಚಿನ್ನದ ಗಣಿಯಲ್ಲಿ, ಸಾರ್ವಜನಿಕ ರಂಗದ ಭಾರತ್ ಗೋಲ್ಡ್ ಮೈನ್ಸ್ ಸಂಸ್ಥೆಯಲ್ಲಿ, ಕ್ಯಾಪ್ಟನ್ ಪಾಲ್ ಆಂಟನಿ ಭದ್ರತಾ ಅಧಿಕಾರಿಯಾಗಿದ್ದರು. 1985ರ ಜೂನ್‌ನಲ್ಲಿ ಪೊಲೀಸರು ಅವರ ಮನೆ ಶೋಧಿಸಿ ಚಿನ್ನ ಸಿಕ್ಕಿತೆಂದರು. ಕ್ರಿಮಿನಲ್ ಮೊಕದ್ದಮೆ ಹೂಡಲಾಯಿತು, ಅಮಾನತೂ ಆಯಿತು. ಇಲಾಖಾ ವಿಚಾರಣೆ ಗಣಿಯಲ್ಲಿ. ಅವರಿದ್ದದ್ದು ದೂರದ ಕೇರಳದಲ್ಲಿ. ಅಮಾನತಿನಲ್ಲಿದ್ದವರಿಗೆ ಸಲ್ಲಬೇಕಾದ ಜೀವನಾಧಾರ ಭತ್ಯೆ ಸಿಗದೆ, ಪ್ರಯಾಣಕ್ಕೆ ಹಣವಿಲ್ಲದೆ ಅವರು ಹಾಜರಾಗಲಾಗಲಿಲ್ಲ. ವಿಚಾರಣೆ ಏಕಪಕ್ಷೀಯವಾಗಿ ಮುಗಿದು 1986ರಲ್ಲಿ ವಜಾ ಆದರು. ಮರು ವರ್ಷವೇ ಕ್ರಿಮಿನಲ್ ನ್ಯಾಯಾಲಯವು ಶೋಧವೇ ಸಾಬೀತಾಗಿಲ್ಲವೆಂದು ಅವರನ್ನು ಬಿಡುಗಡೆ ಮಾಡಿತು. ಆದರೂ ಕೆಲಸ ಮರಳಲಿಲ್ಲ. ಕರ್ನಾಟಕ ಹೈಕೋರ್ಟಿನ ಏಕಸದಸ್ಯ ಪೀಠವು ಅವರ ಪರ, ವಿಭಾಗೀಯ ಪೀಠವು ವಿರುದ್ಧ ತೀರ್ಪಿತ್ತವು. ಕೊನೆಗೆ 1999ರ ಮಾರ್ಚ್‌ನಲ್ಲಿ ಸುಪ್ರೀಂ ಕೋರ್ಟು ಅವರನ್ನು ಮರಳಿ ಕೆಲಸಕ್ಕೆ ಸೇರಿಸಿಕೊಂಡು ಬಾಕಿ ವೇತನ ಕೊಡಬೇಕೆಂದು ಆದೇಶಿಸಿತು. ಹೊಟ್ಟೆಗಿಲ್ಲದವನಿಗೆ ಕೊಟ್ಟ 'ಅವಕಾಶ' ಅವಕಾಶವೇ ಅಲ್ಲ ಎಂಬುದು ಆ ತೀರ್ಪಿನ ಸಾರ. ಆದರೆ ಅಷ್ಟರಲ್ಲಿ ಸುಮಾರು 14 ವರ್ಷ ಕಳೆದಿತ್ತು! ಎರಡೇ ವರ್ಷಗಳಲ್ಲಿ, 2001ರಲ್ಲಿ, ಗಣಿಯೇ ಮುಚ್ಚಿತು. ತಡವಾದ ನ್ಯಾಯದ ಬೆಲೆಯನ್ನು ಯೋಚಿಸಿ ನೋಡಿರಿ.

ಇದು ತಪ್ಪಿತಸ್ಥರಿಗೆ ಆಶ್ರಯವೇ?

ಖಂಡಿತ ಅಲ್ಲ. ಝಕಾತ್ ಸಂಗ್ರಹಕ್ಕೆ ಹೋದವನೊಬ್ಬನು ಮರಳಿ ಬಂದು, ಇದು ನಿಮ್ಮದು, ಇದು ನನಗೆ ಸಿಕ್ಕಿದ ಉಡುಗೊರೆ ಎಂದಾಗ, ತಂದೆತಾಯಿಯರ ಮನೆಯಲ್ಲಿ ಕುಳಿತಿದ್ದರೆ ಈ ಉಡುಗೊರೆ ಬರುತ್ತಿತ್ತೇ ಎಂದು ಪ್ರವಾದಿವರ್ಯರು(ಸ) ಸಾರ್ವಜನಿಕವಾಗಿಯೇ ಖಂಡಿಸಿದರು. ಹುದ್ದೆ ಒಂದು ಅಮಾನತ್ತು. ಲಂಚ ಪಡೆದವನು ಶಿಕ್ಷೆಗೆ ಅರ್ಹನೇ. ಆದರೆ ಅವನೇ ಪಡೆದನೆಂದು ಖಚಿತವಾಗಬೇಕು, ಅದಕ್ಕಾಗಿಯೇ ವಿಚಾರಣೆ.

ನಾವು ಮಾಡಬೇಕಾದುದು

ದೋಷಾರೋಪಣಾ ಪಟ್ಟಿ ಕೈಗೆ ಬಂದರೆ ಹೆದರಿ ಮನೆಯಲ್ಲಿ ಅಡಗಬೇಡಿರಿ. ಅವಧಿಯೊಳಗೆ ಲಿಖಿತವಾಗಿ ಉತ್ತರಿಸಿರಿ. ದಾಖಲೆಗಳ ಪ್ರತಿ ಕೇಳಿರಿ, ಸಾಕ್ಷಿಗಳನ್ನು ಪಾಟೀಸವಾಲು ಮಾಡಿರಿ. ಜೀವನಾಧಾರ ಭತ್ಯೆ ಬಾರದಿದ್ದರೆ ಅದನ್ನೂ ಬರೆದು ತಿಳಿಸಿರಿ. ಹಾಜರಾಗಲಾಗದಿದ್ದರೆ ಕಾರಣವನ್ನು ಮುಂಚಿತವಾಗಿ ಬರೆಯಿರಿ. ಆದೇಶ ವಿರುದ್ಧವಾದರೆ ಮೇಲ್ಮನವಿಯಿದೆ. ರಾಜ್ಯ ಸರಕಾರಿ ನೌಕರರಿಗೆ ಆಡಳಿತ ನ್ಯಾಯಮಂಡಳಿಯೂ ಇದೆ. ತಪ್ಪು ಮಾಡಿದ್ದರೆ ಸುಳ್ಳು ಸಾಕ್ಷ್ಯದಿಂದ ಮುಚ್ಚಿಡಬೇಡಿರಿ.

ವಿಚಾರಣಾಧಿಕಾರಿಯಾಗಿ ಕುಳಿತಿರುವ ಸಹೋದರರೇ, ಮೇಲಿನವರ ಇಷ್ಟವನ್ನು ಮೊದಲೇ ತಿಳಿದುಕೊಂಡು ವರದಿ ಬರೆಯಬೇಡಿರಿ. ನಿಮ್ಮ ವರದಿಯನ್ನೂ ಓದುವವನೊಬ್ಬನಿದ್ದಾನೆ.

ಇನ್ನು ಮನೆಗಳಲ್ಲಿ, ಮಸೀದಿಯ ಅಂಗಳದಲ್ಲಿ ಮಾತಾಡುವ ನಾವು? ಅಮಾನತಾದವನನ್ನು ಆಗಲೇ ಕಳ್ಳನೆಂದು ಕರೆದು, ಅವನ ಮಕ್ಕಳು ತಲೆತಗ್ಗಿಸುವಂತೆ ಮಾಡುತ್ತೇವೆ. ಹೀಗೆ ನೋಟೀಸಿಲ್ಲದೆ, ಸಾಕ್ಷಿಯಿಲ್ಲದೆ ನಾವು ದಿನನಿತ್ಯ ಎಷ್ಟು ಮಂದಿಯನ್ನು ಗೌರವದಿಂದ 'ವಜಾ' ಮಾಡುತ್ತಿದ್ದೇವೆ! ಅಂತಹ ಮನೆಗೆ ಒಂದು ಸಲ ಹೋಗಿ, ಅಡುಗೆಮನೆಯಲ್ಲಿ ಅಕ್ಕಿ ಇದೆಯೇ ಎಂದು ವಿಚಾರಿಸುವುದು ಆ ಮಾತುಗಳಿಗಿಂತ ಎಷ್ಟೋ ಮೇಲು.

ಕೇಳದೆ ತೀರ್ಪು ಕೊಡುವ ದುರಭ್ಯಾಸದಿಂದ ಅಲ್ಲಾಹನು ನಮ್ಮೆಲ್ಲರನ್ನೂ ಕಾಪಾಡಲಿ. ಆಮೀನ್.