ಹಲ್ಲಿಯ ಬಾಲ ಮತ್ತು ನಮ್ಮ ಉಪಾದಾನ


*ಇಂದಿನ ಧಮ್ಮ ಚಿಂತನೆ*

ಬೆಕ್ಕು ಮೇಲೆರಗಿದಾಗ ಹಲ್ಲಿ ಬಾಲ ಬಿಟ್ಟು ಓಡುತ್ತದೆ. ಬೆಕ್ಕೇ ಕಿತ್ತಿತು ಎಂದುಕೊಳ್ಳುತ್ತೇವೆ. ನಿಜವಾಗಿ ಕಳಚಿದ್ದು ಹಲ್ಲಿಯೇ. ಅದರ ಬಾಲದ ಮೂಳೆಗಳಲ್ಲಿ ಮುರಿಯಲೆಂದೇ ಸೀಳುಗೆರೆಗಳಿವೆ. ಅಪಾಯ ಬಂದಾಗ ಸ್ನಾಯುಗಳು ಬಿಗಿದು ಬಾಲ ಅಲ್ಲೇ ತುಂಡಾಗುತ್ತದೆ. ಏಡಿಯೂ ಸಿಕ್ಕಿಬಿದ್ದ ಕಾಲನ್ನು ಬುಡದಲ್ಲೇ ಕಳಚಿ ಪಾರಾಗುತ್ತದೆ.

ಇದು ಪುಕ್ಕಟೆ ಸಿಗುವ ಬಿಡುಗಡೆಯಲ್ಲ. ಹಲ್ಲಿ ಕೊಬ್ಬನ್ನು ಕೂಡಿಡುವುದು ಬಾಲದಲ್ಲೇ. ಕಷ್ಟಕಾಲದ ಬುತ್ತಿಯನ್ನೇ ಬಿಟ್ಟು ಅದು ಜೀವ ಉಳಿಸಿಕೊಳ್ಳುತ್ತದೆ.

ನಾವೋ? ಎಂದೋ ಆಡಿದ ಒಂದು ಮಾತಿಗಾಗಿ ಹತ್ತು ವರ್ಷ ಒಡಹುಟ್ಟಿದವರ ಹೊಸ್ತಿಲು ತುಳಿಯದವರಿದ್ದೇವೆ. "ನಾನು ಹೇಳಿದ್ದೇ ಸರಿ" ಎಂಬ ಬಾಲವನ್ನು ಬಿಡಲಾರದೆ ಸಂಬಂಧವನ್ನೇ ಬೆಕ್ಕಿನ ಬಾಯಿಗೆ ಕೊಡುತ್ತೇವೆ. ಬುದ್ಧರು ಹೇಳಿದ ನಾಲ್ಕು ಉಪಾದಾನಗಳಲ್ಲಿ ಇದು ದಿಟ್ಠುಪಾದಾನ, ಅಭಿಪ್ರಾಯಕ್ಕೆ ಅಂಟಿಕೊಳ್ಳುವುದು.

*ಗಮನಿಸಬೇಕಾದ ಎರಡು ಸಂಗತಿಗಳು*

1️⃣ ಕಳಚಿದ ಬಾಲ ಕೆಲವು ನಿಮಿಷ ವಿಲವಿಲ ಒದ್ದಾಡುತ್ತದೆ. ಬೆಕ್ಕು ಅದನ್ನೇ ನೋಡುತ್ತಾ ನಿಲ್ಲುತ್ತದೆ. ಕೋಪ ಬಿಟ್ಟ ಮೇಲೂ ಮನಸ್ಸಿನಲ್ಲಿ ಹಳೆಯ ಮಾತು ಹೀಗೆಯೇ ಕುಣಿಯುತ್ತದೆ. "ನಾನಿನ್ನೂ ಬಿಟ್ಟಿಲ್ಲವೇ?" ಎಂದು ಗಾಬರಿ ಬೇಡ. ಅದನ್ನು ಮುಟ್ಟದೆ, ಅಟ್ಟದೆ ನೋಡಿ. ತಾನಾಗಿ ನಿಲ್ಲುತ್ತದೆ. ಇದೇ ಅನಿಚ್ಚ.

2️⃣ ಬಾಲ ಮತ್ತೆ ಬೆಳೆಯುತ್ತದೆ. ಆದರೆ ಒಳಗೆ ಮೂಳೆಯ ಬದಲು ಮೃದ್ವಸ್ಥಿಯ ಕಡ್ಡಿ ಮಾತ್ರ. ಉಪಾದಾನವೂ ಬೇರೆ ರೂಪದಲ್ಲಿ ಚಿಗುರುತ್ತದೆ: ನಿನ್ನೆ "ನಾನು ಸರಿ" ಎಂದದ್ದು ಇಂದು "ನಾನು ಎಷ್ಟು ದೊಡ್ಡ ಮನಸ್ಸಿನಿಂದ ಕ್ಷಮಿಸಿದೆ" ಎನ್ನುತ್ತದೆ! ಬೇರು ಉಳಿದರೆ ಕಡಿದ ಮರ ಮತ್ತೆ ಚಿಗುರುವ ಹೋಲಿಕೆ ಧಮ್ಮಪದದ ತಣ್ಹಾವಗ್ಗದಲ್ಲಿದೆ.

ಹಲ್ಲಿ ಭಯದಿಂದ, "ನಾನು" ಉಳಿಯಲೆಂದು ಬಿಡುತ್ತದೆ. ಸಾಧಕರು ಅರಿವಿನಿಂದ, ಆ "ನಾನು" ಎಂಬ ಹಿಡಿತವನ್ನೇ ಬಿಡಬೇಕು. ಜೇತವನದ ಹುಲ್ಲುಕಡ್ಡಿಯನ್ನು ಯಾರಾದರೂ ಹೊತ್ತೊಯ್ದರೆ ನಮ್ಮನ್ನೇ ಒಯ್ದರೆಂದು ಅಳುತ್ತೇವೆಯೇ ಎಂದು ಬುದ್ಧರು ಭಿಕ್ಖುಗಳನ್ನು ಕೇಳಿದ್ದರು. ರೂಪ, ವೇದನಾ, ಸಞ್ಞಾ, ಸಂಖಾರ, ವಿಞ್ಞಾಣ ಐದೂ ಹಾಗೆಯೇ, ನಮ್ಮವಲ್ಲ.

*ಇಂದಿನ ಅಭ್ಯಾಸ:* ಮಾತು ಬಿಟ್ಟ ಒಬ್ಬರನ್ನು ನೆನೆದು ಐದು ನಿಮಿಷ ಮೆತ್ತಾ ಭಾವನೆ ಮಾಡಿ. ಆಮೇಲೆ ಕೇಳಿಕೊಳ್ಳಿ: ನಾನು ಉಳಿಸಿಕೊಳ್ಳುತ್ತಿರುವುದು ಬಾಲವನ್ನೋ, ಜೀವವನ್ನೋ? ಸಾಧ್ಯವಾದರೆ ಸಂಜೆಯೊಳಗೆ ಒಂದು ಫೋನ್ ಮಾಡಿ.

ಸಬ್ಬೇ ಸತ್ತಾ ಸುಖಿತಾ ಹೋಂತು 🪷
ಭವತು ಸಬ್ಬ ಮಂಗಲಂ