ನೋಟಿಸ್ ಬಂದ ಮಾತ್ರಕ್ಕೆ ಮುಂಬಡ್ತಿ ನಿಲ್ಲದು

ನಿಮಗಿಂತ ಕಿರಿಯರು ಮೇಲೇರುವುದನ್ನು ನೋಡುತ್ತ ಕೂರುವುದು ಸಣ್ಣ ನೋವಲ್ಲ, ನಿಜ. ಆದರೆ ನಿಮಗೆ ಬಂದಿರುವುದು ಕಾರಣ ಕೇಳುವ ನೋಟಿಸ್ ಮಾತ್ರ. ನೀವು ಅಮಾನತಿನಲ್ಲೂ ಇಲ್ಲ. ಇಲಾಖಾ ವಿಚಾರಣೆ ಆರಂಭವಾಯಿತೆನ್ನುವುದು ದೋಷಾರೋಪಣಾ ಪಟ್ಟಿ ಜಾರಿಯಾದಾಗಲೇ ಎಂದು 1991ರ ಜಾನಕಿರಾಮನ್ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್ ಹೇಳಿದೆ. ಪ್ರಾಥಮಿಕ ತನಿಖೆಯ ನೆಪದಲ್ಲಿ ಮುಂಬಡ್ತಿ ತಡೆಯುವಂತಿಲ್ಲ.

ಮುಂಬಡ್ತಿ ಸಮಿತಿ ಸಭೆ ಸೇರುವ ಮೊದಲೇ ದೋಷಾರೋಪಣಾ ಪಟ್ಟಿ ಜಾರಿಯಾದರೆ ಮಾತು ಬೇರೆ. ಆಗಲೂ ಸಮಿತಿ ನಿಮ್ಮನ್ನು ಪರಿಗಣಿಸಲೇಬೇಕು. ಶಿಫಾರಸು ಮಾತ್ರ ಮೊಹರು ಮಾಡಿದ ಲಕೋಟೆಯಲ್ಲಿರುತ್ತದೆ. ಪೂರ್ತಿ ದೋಷಮುಕ್ತರಾದ ಮೇಲೆ ತೆರೆದಾಗ ಅದು ನಿಮ್ಮ ಪರವಾಗಿದ್ದರೆ, ಹಿಂದಿನ ದಿನಾಂಕದಿಂದಲೇ ಮುಂಬಡ್ತಿ. ಬಾಕಿ ವೇತನ ನಿರಾಕರಿಸಿದರೆ ಪ್ರಾಧಿಕಾರ ಕಾರಣ ದಾಖಲಿಸಬೇಕು.

ಸದ್ಯ ನೋಟಿಸಿಗೆ ಗಡುವಿನೊಳಗೆ ಲಿಖಿತ ಉತ್ತರ ಕೊಡಿ, ಸ್ವೀಕೃತಿ ಪಡೆಯಿರಿ. ಆಮೇಲೂ ನಿಮ್ಮ ಹೆಸರು ಬಿಟ್ಟರೆ ಕರ್ನಾಟಕ ರಾಜ್ಯ ಆಡಳಿತ ನ್ಯಾಯಮಂಡಳಿಗೆ ಹೋಗಲು ಹಿಂಜರಿಯಬೇಡಿ.