ರಕ್ತ ತೊಳೆದರೆ ತಪ್ಪು ತೊಳೆಯದು

ಎರ್ಮಾಳಿನ ಹೆದ್ದಾರಿಯಲ್ಲಿ ತಮ್ಮನ ಕಾರು ಯಾರಿಗೋ ಬಡಿದು ಸಾವಾಯಿತು ಅಂದುಕೊಳ್ಳಿ. ರಾತ್ರೋರಾತ್ರಿ ಬಂಪರ್ ತೊಳೆದು, ಒಡೆದ ಹೆಡ್‌ಲೈಟ್ ಬದಲಿಸಿ, ಸಿಸಿಟಿವಿ ದೃಶ್ಯ ಅಳಿಸಿಕೊಟ್ಟವರು ನೀವಾದರೆ, ಡ್ರೈವಿಂಗ್ ಸೀಟಿನಲ್ಲಿ ಇರದಿದ್ದರೂ ನೀವೂ ಆರೋಪಿಯೇ.

2024ರ ಜುಲೈ 1ರಿಂದ ಜಾರಿಯಲ್ಲಿರುವ ಭಾರತೀಯ ನ್ಯಾಯ ಸಂಹಿತೆಯ 238ನೇ ಕಲಂ (ಹಿಂದಿನ ಐಪಿಸಿ 201) ಪ್ರಕಾರ, ಗೊತ್ತಿದ್ದೂ ಅಪರಾಧಿಯನ್ನು ಉಳಿಸಲು ಸಾಕ್ಷ್ಯ ನಾಶಮಾಡಿದರೆ ಶಿಕ್ಷೆಯಿದೆ. ಮೂಲ ಅಪರಾಧ ಮರಣದಂಡನೆಗೆ ಅರ್ಹವಾದ ಕೊಲೆಯಾಗಿದ್ದರೆ 7 ವರ್ಷದವರೆಗೆ ಜೈಲು. ಆರೋಪಿಗೆ ಆಶ್ರಯ ಕೊಟ್ಟ ಗಂಡ ಅಥವಾ ಹೆಂಡತಿಗೆ ಕಾನೂನು ವಿನಾಯಿತಿ ಕೊಡುತ್ತದೆ. ಸಾಕ್ಷ್ಯ ಅಳಿಸಿದವರಿಗೆ ಆ ರಿಯಾಯಿತಿ ಇಲ್ಲ.

ಸಾಕ್ಷ್ಯ ಅಳಿಸಿದ ಮಾತ್ರಕ್ಕೆ ಅಪರಾಧಿ ಪಾರಾಗುತ್ತಾನೆ ಎಂದೇನಿಲ್ಲ. 2016ರ ಉಡುಪಿಯ ಹೋಟೆಲ್ ಉದ್ಯಮಿ ಕೊಲೆಯನ್ನೇ ನೋಡಿ. ದೇಹವನ್ನು ನಂದಳಿಕೆಯ ಹೋಮಕುಂಡದಲ್ಲಿ ಸುಟ್ಟರೂ 2021ರಲ್ಲಿ ಮೂವರಿಗೆ ಜೀವಾವಧಿ ಶಿಕ್ಷೆಯಾಯಿತು.

ಮನೆಯವರ ಮೇಲೆ ಮಮತೆಯಿದ್ದರೆ ಬಕೆಟ್ ಹಿಡಿಯಬೇಡಿ. ವಕೀಲರನ್ನು ಹಿಡಿಯಿರಿ, ಜೊತೆಗೆ ಠಾಣೆಗೆ ಹೋಗಿ.